ಅಪ್ಪ ನಕ್ಕ ಆ ತುಣುಕು

"ನಿಮ್ಮಪ್ಪ ನಗೋ ಆ ತುಣುಕು ಎಲ್ಲಿ?"

ಸಂಕಲನ ಕೋಣೆಯ ಬಾಗಿಲಲ್ಲಿ ನಿಂತವನನ್ನು ನೋಡಿ ಅವಳ ಮೈಯೆಲ್ಲ ಉರಿಯಿತು. ಮಗುವನ್ನು ಚಿವುಟಿ ತೊಟ್ಟಿಲು ತೂಗುವುದೆಂದರೆ ಇದೇ!

"ಅಳಿಸಿಬಿಟ್ಟೆ. ಅದು ಬೇಡ ಅಂತ ನೀವೇ ತಾನೆ ಬರೆದಿದ್ದು?"

ಬರೆದವನು ಅವನೇ, ಪತ್ರಿಕೆಯ ಸಿನಿಮಾ ವಿಮರ್ಶಕ. ಮೊದಲೆಲ್ಲ ಸಿನಿಮಾ ನೋಡಿ ಬಂದು ಅವಳ ಜೊತೆ ಕಾಫಿ ಕುಡಿಯುತ್ತಾ, ಕತ್ತರಿ ಎಲ್ಲಿ ಬೀಳಬೇಕಿತ್ತು ಎಂದು ಜಗಳವಾಡುತ್ತಿದ್ದ. ಆ ಜಗಳಕ್ಕಾಗಿಯೇ ಅವಳು ಕಾಯುತ್ತಿದ್ದಳು... ಬಾಯಿಬಿಟ್ಟು ಹೇಳಿರಲಿಲ್ಲ, ಅಷ್ಟೇ.

ಅಪ್ಪ ಹಿರಿಯ ನಟ. ಅವರ ಕೊನೆಯ ಚಿತ್ರವನ್ನು ಸಂಕಲನ ಮಾಡಿದ್ದು ಮಗಳೇ. ಕೊನೆಯ ದೃಶ್ಯದಲ್ಲಿ ಪಾತ್ರದ ಮಾತು ಮುಗಿದ ಮೇಲೆ ಅಪ್ಪ ಕ್ಯಾಮೆರಾ ಮರೆತು, ಪಕ್ಕದಲ್ಲಿ ನಿಂತಿದ್ದ ಮಗಳನ್ನು ನೋಡಿ ದಣಿದ ನಗೆ ನಕ್ಕಿದ್ದರು. ಚಿತ್ರ ತೆರೆಗೆ ಬರುವ ಮೊದಲೇ ತೀರಿಕೊಂಡರು. ಆ ನಗುವಿಗೆ ಕತ್ತರಿ ಹಾಕಲು ಅವಳಿಗೆ ಕೈಬರಲಿಲ್ಲ.

'ನಟನೆ ಮುಗಿದರೂ ದೃಶ್ಯ ಮುಗಿಯುವುದಿಲ್ಲ. ಸಂಕಲನಕಾರರು ನಿದ್ದೆಹೋಗಿದ್ದರೇ?' ಎಂದು ಅವನು ಬರೆದ. ಅದನ್ನು ಓದಿದ ನಿರ್ಮಾಪಕರು ಆ ಚೂರನ್ನು ತೆಗೆಯಲೇಬೇಕೆಂದು ಹಠ ಹಿಡಿದರು. ತೆಗೆದವಳೂ ಅವಳೇ. ಅಂದಿನಿಂದ ಅವನ ಫೋನ್ ಎತ್ತಿರಲಿಲ್ಲ.

ಈಗ ಚಿತ್ರವನ್ನು ಮತ್ತೊಮ್ಮೆ ನೋಡಲು ಹೋಗಿ, ಆ ನಗು ಕಾಣದೆ, ನೇರ ಇಲ್ಲಿಗೇ ಬಂದಿದ್ದ. ಅವಳ ಮಾತು ಕೇಳಿ ಕುರ್ಚಿಯಲ್ಲಿ ಕುಸಿದ.

"ಸಿನಿಮಾದಲ್ಲಿ ಆ ನಗು ಇರಬಾರದಿತ್ತು. ಈಗಲೂ ಅದನ್ನೇ ಹೇಳ್ತೀನಿ. ಅದು ಪಾತ್ರದ ನಗು ಅಲ್ಲ, ನಿಮ್ಮಪ್ಪಂದು. ಆದರೆ ನಿದ್ದೆ ಅಂತ ಬರೆದೆನಲ್ಲ, ಅದು ಸುಳ್ಳು. ಯಾಕೆ ಉದ್ದ ಆಯ್ತು ಅಂತ ನನಗೆ ಗೊತ್ತಿತ್ತು."

"ಗೊತ್ತಿದ್ದೂ?"

"ನಿಮ್ಮನ್ನ ಪ್ರೀತಿಸ್ತೀನಿ. ಮುಖ ನೋಡಿ ಮಣೆ ಹಾಕಿದ ಅಂದುಬಿಡ್ತಾರೆ ಅನ್ನೋ ಭಯಕ್ಕೆ... ಬೇರೆ ಯಾರಿಗೂ ಬರೆಯದಷ್ಟು ಕಟುವಾಗಿ ನಿಮಗೆ ಬರೆದೆ."

ಈ ಮಾತು ಕೇಳಲು ಎಷ್ಟು ಕಾಲ ಕಾದಿದ್ದಳು! ಬಂದದ್ದು ಇಂಥ ಹೊತ್ತಿನಲ್ಲಿ. ಸಿಟ್ಟು ಇಳಿಯಲಿಲ್ಲ. ಆದರೆ ಅವನ ಕಣ್ಣು ತುಂಬಿ ಹರಿಯುತ್ತಿತ್ತು. ಅಪ್ಪ ಹೋದಾಗ ಹಾರ ತಂದವರು, ಭಾಷಣ ಮಾಡಿದವರು ಬೇಕಾದಷ್ಟು ಮಂದಿ. ಆ ನಗು ಕಳೆದುಹೋಯಿತೆಂದು ಅತ್ತವನು ಇವನೊಬ್ಬನೇ.

ಅವಳು ಪರದೆಯತ್ತ ತಿರುಗಿ ಗುಂಡಿ ಒತ್ತಿದಳು. ಅಳಿಸಿದ್ದೇನೆಂದು ಹೇಳಿದ್ದು ಸಿಟ್ಟಿಗೆ. ಅಳಿಸುವ ಎದೆ ಅವಳಿಗೆಲ್ಲಿತ್ತು?

ಅಪ್ಪ ಮಾತು ಮುಗಿಸಿದರು. ಕ್ಯಾಮೆರಾ ಮರೆತರು. ನಕ್ಕರು.

ಇನ್ನೇನು ಮುಗಿಯುತ್ತದೆ... ಅವಳು ಗುಂಡಿಯ ಮೇಲೆ ಬೆರಳಿಟ್ಟಳು.

"ಹೇಳಿ ವಿಮರ್ಶಕರೇ, ಎಲ್ಲಿ ಕತ್ತರಿಸಲಿ?"

ಅವನು ಆ ಬೆರಳನ್ನು ಮೆಲ್ಲಗೆ ಹಿಡಿದುಕೊಂಡ.

"ಕತ್ತರಿಸಬೇಡ," ಎಂದ. "ಮತ್ತೆ ಮೊದಲಿಂದ ಹಾಕು."