ಕೆಳಗಿನ ಹೊಲಕ್ಕೆ ಪೊಲೀಸ್ ಕಾವಲು

ಕ್ಯಾಸಂಬಳ್ಳಿ ಹತ್ತಿರದ ಆ ನಾಲ್ಕು ಎಕರೆಯನ್ನು ಅಣ್ಣತಮ್ಮಂದಿರು ಪಾಲು ಮಾಡಿಕೊಂಡಾಗ, ಮೇಲಿನ ಹೊಲವೇ ಬೇಕೆಂದು ಹಟ ಹಿಡಿದವನು ಕೋದಂಡಪ್ಪ. ಊರಿಗೆ ಹತ್ತಿರ, ನಡೆಯುವುದು ಕಡಿಮೆ ಎಂಬುದು ಅವನ ದೂರಾಲೋಚನೆ. ಅಣ್ಣ ಕೆಳಗಿನ ಹೊಲದಲ್ಲಿ ಬಾವಿ ತೋಡಿದ, ನೀರು ಬಂತು. ಕೋದಂಡಪ್ಪ ತನ್ನದರಲ್ಲಿ ತೋಡಿದ, ಬಂಡೆ ಬಂತು. ಅಣ್ಣ ತೀರಿಕೊಂಡ ಮೇಲೆ, ೧೯೬೧ರಲ್ಲಿ, ಅತ್ತಿಗೆ ಕದಿರಮ್ಮ ಒಬ್ಬಳೇ ಅಲ್ಲಿ ಸೊಂಟದುದ್ದ ರಾಗಿ ಬೆಳೆದಳು. ಅವನಿಗೆ ಹೊಟ್ಟೆಯುರಿ ತಡೆಯಲಾಗಲಿಲ್ಲ. ತನ್ನ ದಡ್ಡತನಕ್ಕೆ ಬೇರೆಯವರು ಬೆಲೆ ತೆರಬೇಕೆಂದು ತೀರ್ಮಾನಿಸಿದ.

ಹೊಡೆದು ಕಿತ್ತುಕೊಳ್ಳುವುದು ಒರಟರ ಕೆಲಸ. ಕೋದಂಡಪ್ಪ ಬುದ್ಧಿವಂತ, ಆ ಸಂಗತಿ ಅವನೊಬ್ಬನಿಗೇ ಗೊತ್ತಿತ್ತು, ಅಷ್ಟೆ. ಎರಡೂ ತುಂಡು ಒಂದೇ ಸರ್ವೆ ನಂಬರು. ಪಾಲು ಬಾಯಿಮಾತಿನಲ್ಲೇ ಆಗಿತ್ತು. ಯಾವುದು ಯಾರದೆಂದು ಒಂದು ಕಾಗದವೂ ಇಲ್ಲ. ಕೆಳಗಿನ ಹೊಲ ತನ್ನದು, ಕೊಯ್ಲಿಗೆ ಅತ್ತಿಗೆ ಅಡ್ಡ ಬರುತ್ತಾಳೆ, ಪ್ರಾಣಭಯವಿದೆ, ಪೊಲೀಸ್ ರಕ್ಷಣೆ ಕೊಡಿಸಿ ಎಂದು ಕೋರ್ಟಿಗೆ ಅರ್ಜಿ ಹಾಕಿಬಿಡುವುದು. ಕಳ್ಳತನಕ್ಕೆ ಪೊಲೀಸರದೇ ಕಾವಲು! ಆ ದಿನವೆಲ್ಲ ತನ್ನನ್ನು ಕಂಡರೆ ಅವನಿಗೇ ಗೌರವ.

ವಕೀಲರು ಪ್ರಶ್ನೆ ಕೇಳುತ್ತಾರೆ, ಬೇಡ. ಬಂಗಾರಪೇಟೆಯ ಟೈಪಿಸ್ಟರಿಗೆ ಊರಿನವರೆಲ್ಲ ಪರಿಚಯ, ಅವರೂ ಬೇಡ. ತಾನು ತರಕಾರಿ ಮಾರುತ್ತಿದ್ದ ಚಿನ್ನದ ಗಣಿಯ ಊರು ರಾಬರ್ಟ್‌ಸನ್‌ಪೇಟೆಯಲ್ಲಿ ಪೆರುಮಾಳ್ ಎಂಬ ತಮಿಳನನ್ನು ಹುಡುಕಿದ. ಗಣಿ ಕೆಲಸದವರಿಗೆ ಇಂಗ್ಲಿಷಿನಲ್ಲಿ ಅರ್ಜಿ ಟೈಪು ಮಾಡಿಕೊಡುವವನು. ಕ್ಯಾಸಂಬಳ್ಳಿ ಕಡೆ ತಲೆ ಹಾಕಿಯೂ ಮಲಗಿದವನಲ್ಲ. ಗುಟ್ಟು ಭದ್ರ.

“ಬರ್ಕೊಳಪ್ಪಾ. ಕೆಳಗಡೆ ಒಲ ನಂದು. ಮೇಲ್ಗಡೆ ಒಲ ನಮ್ಮತ್ತಿಗೇದು. ಅವಳ್ದು ನಂಗ್ಯಾಕೆ?”

“ಸರಿ ಸಾರ್. ವೇರೆ ಏನು?” ಎಂದ ಪೆರುಮಾಳ್.

“ಒಬ್ಬರ ಒಲಕ್ಕೆ ಇನ್ನೊಬ್ಬರು ಕಾಲಿಟ್ರೆ, ಯಾರೇ ಆಗ್ಲಿ, ಇಡ್ಕೊಂಡೋಗ್ಬೇಕು ಅಂತ ಬರಿ.”

ಆ ‘ಯಾರೇ ಆಗ್ಲಿ’ ಅವನ ಸ್ವಂತ ಕಸುಬುಗಾರಿಕೆ. ನ್ಯಾಯಾಧೀಶರಿಗೆ ಎಂಥ ಧರ್ಮಾತ್ಮ ಅನ್ನಿಸಬೇಕು. ಇಂಗ್ಲಿಷಿನ ಒಂದಕ್ಷರ ಬಾರದಿದ್ದರೂ ಹಾಳೆಯನ್ನು ಗಂಭೀರವಾಗಿ ದಿಟ್ಟಿಸಿ, ತಲೆಯಾಡಿಸಿ, ಸಹಿ ಹಾಕಿದ.

ನೋಟೀಸು ಬಂದಾಗ, ಅದು ಕಂದಾಯದ ಕಾಗದವೆಂದು ಹೇಳಿ ಕದಿರಮ್ಮನಿಂದ ಹೆಬ್ಬೆಟ್ಟು ಒತ್ತಿಸಿದ. ವಿಚಾರಣೆಗೆ ಅವಳು ಹೋಗಲಿಲ್ಲ. ಇವನು ಕೇಳಿದ್ದೆಲ್ಲ ಸಿಕ್ಕಿತು.

ಕೊಯ್ಲಿನ ಬೆಳಗ್ಗೆ ದಫೇದಾರ ಮುನಿಸ್ವಾಮಪ್ಪ ಇಬ್ಬರು ಪೇದೆಗಳ ಜೊತೆ ಬದುವಿನ ಮೇಲೆ ಬಂದು ನಿಂತ. ಕೋದಂಡಪ್ಪ ಮೂವರಿಗೂ ಎಳನೀರು ಕುಡಿಸಿದ. ಅಷ್ಟರಲ್ಲಿ ಕದಿರಮ್ಮ ಓಡಿಬಂದಳು.

“ಬ್ಯಾಡ ಕಣಪ್ಪಾ ಮೈದ್ನಾ! ಇದೂ ಓದ್ರೆ ವರ್ಸೆಲ್ಲಾ ನಾನೇನ್ ತಿನ್ಲಿ?”

ಒಂದು ಗಳಿಗೆ ಅವನಿಗೆ ನಿಜಕ್ಕೂ ನಾಚಿಕೆಯಾಯಿತು. ಆದರೆ ಇಷ್ಟು ಚೆಂದದ ಉಪಾಯವನ್ನು ಬರೀ ನಾಚಿಕೆಗೋಸ್ಕರ ಹಾಳು ಮಾಡುವುದೇ? ಕುಡುಗೋಲು ಹಿಡಿದು ಕೆಳಗಿನ ಹೊಲಕ್ಕಿಳಿದ. ಎಲ್ಲರೆದುರೂ ಒಂದು ಹಿಡಿ ರಾಗಿ ಕೊಯ್ದ.

ದಫೇದಾರ ಸೂರ್ಯನನ್ನು ನೋಡಿದ, ಕೈಲಿದ್ದ ಆರ್ಡರನ್ನು ನೋಡಿದ, ಇಳಿದುಬಂದು ಕೋದಂಡಪ್ಪನ ರಟ್ಟೆ ಹಿಡಿದ.

“ಏನ್ಲಾ, ಮೂಡ್ಲ ಕಡೇದು ನಂದು, ಪಡುವಲ ಕಡೇದು ಅತ್ತಿಗೇದು ಅಂತ ನೀನೇ ಪ್ರಮಾಣ ಮಾಡಿದೀಯ. ಈಗ ಪಡುವಲ ಒಲದಾಗೆ ನಿಂತು ಕುಯ್ತಿದೀಯಲ್ಲಾ? ಯಾರೇ ಆಗ್ಲಿ ಅಂತ ಬರ್ದೈತೆ. ನಡಿ ಠಾಣೆಗೆ!”

ಮೂಡಲು, ಪಡುವಲು ಎಂಬ ಮಾತನ್ನೇ ತಾನು ಆಡಿಲ್ಲವೆಂದು ಕೋದಂಡಪ್ಪ ಕಿರುಚಬೇಕೆಂದಿದ್ದ. ಬಾಯಿ ತೆರೆದಾಗ ಹೊಳೆಯಿತು. ಅವನು ಹೇಳಿದ್ದು ಕೆಳಗಡೆ, ಮೇಲ್ಗಡೆ. ರಾಬರ್ಟ್‌ಸನ್‌ಪೇಟೆಯ ಮಾರ್ಕೆಟ್ಟಿನಲ್ಲಿ ಇಪ್ಪತ್ತು ವರ್ಷ ತಮಿಳರಿಗೆ ತರಕಾರಿ ಮಾರಿದ ಅವನಿಗೆ ಗೊತ್ತಿಲ್ಲದ್ದೇನಲ್ಲ: ತಮಿಳರಿಗೆ ಜಮೀನಿನ ಮಾತಿನಲ್ಲಿ ಕೀಳ್ ಎಂದರೆ ಮೂಡಲು, ಮೇಲ್ ಎಂದರೆ ಪಡುವಲು. ಪೆರುಮಾಳ್ ಹಾಗೆಯೇ ಟೈಪು ಮಾಡಿದ್ದ. ಇಳಿಜಾರಿನ ಈ ಹೊಲದಲ್ಲಿ ಕೆಳಗೆ ಇರುವುದು ಪಡುವಲ ತುಂಡು, ಅತ್ತಿಗೆಯದು; ಮೇಲಿನ ಮೂಡಲ ತುಂಡು ಅವನದು. ಕೋದಂಡಪ್ಪ ಜೀವಮಾನದಲ್ಲಿ ಒಂದೇ ಸಲ ಕೋರ್ಟಿಗೆ ಸುಳ್ಳು ಹೇಳಲು ಹೋಗಿದ್ದ. ಹೇಳಿ ಬಂದದ್ದು ಅಪ್ಪಟ ನಿಜ.