ಐದು ವೋಲ್ಟಿನ ತಂತಿ

ಅಣ್ಣ ತೀರಿಕೊಂಡ ಮೇಲೆ ಅವನ ದನಿ ಉಳಿದದ್ದು ಅವನ ಕಂಪ್ಯೂಟರಿನಲ್ಲಿ ಮಾತ್ರ. ಅದೋ, ಕಾದು ಬಿಸಿಯೇರಿ ತಾನಾಗಿ ಆರಿಹೋಗುತ್ತಿತ್ತು. ಅಮ್ಮನಿಗೆ ಆ ದನಿ ಕೇಳಿಸಲೆಂದು ಬಣ್ಣದ ದೀಪಗಳ ಹೊಸ ಫ್ಯಾನು ತಂದು ನಾನೇ ಕೂರಿಸಿದೆ. ಐದು ವೋಲ್ಟಿನ ದೀಪದ ತಂತಿಯನ್ನು ಹನ್ನೆರಡು ವೋಲ್ಟಿನ ಪಿನ್ನಿಗೆ ಸಿಕ್ಕಿಸಿಬಿಟ್ಟೆ. ಸುಟ್ಟ ವಾಸನೆ ಬಂತು.

"ಬೋರ್ಡಿನ ಜೊತೆ ಡಿಸ್ಕೂ ಹೋಯ್ತು, ಅದ್ರಲ್ಲಿದ್ದದ್ದೆಲ್ಲ ಹೋಯ್ತು ನೋಡಮ್ಮ. ಒಂದು ಮಾತು ಕೇಳಿದ್ರೆ ನಿನ್ನ ಗಂಟೇನು ಹೋಗ್ತಿತ್ತು?" ಎಂದು ನನ್ನನ್ನು ಗದರಿದ ರಿಪೇರಿಯವನು, ಕರೆಂಟಿನ ಕೇಬಲ್ಲು ಕಿತ್ತಿಟ್ಟು ಹೋದ.

ಮಧ್ಯಾಹ್ನ ಅಮ್ಮ ಆ ಕಂಪ್ಯೂಟರಿನ ಪೆಟ್ಟಿಗೆಗೆ ಕೆನ್ನೆಯೊಡ್ಡಿ ಕೂತಿದ್ದಳು. ಊಟಕ್ಕೆ ಕರೆದೆ.

"ಮೆಲ್ಲಗೆ ಮಾತಾಡೇ, ಈಗಷ್ಟೇ ನಿದ್ದೆ ಹತ್ತಿದೆ ಅವನಿಗೆ."

ಕೇಬಲ್ಲು ಕಿತ್ತಿಟ್ಟಲ್ಲೇ ಬಿದ್ದಿತ್ತು. ಫ್ಯಾನು ಮಾತ್ರ ನಿಧಾನವಾಗಿ ತಿರುಗುತ್ತಿತ್ತು. ಬೆಚ್ಚನೆ ಗಾಳಿಗೆ ಅಮ್ಮನ ನರೆಗೂದಲು ಹೊರಕ್ಕೆ ಹಾರಿತು. ತುಸು ತಡೆದು, ಅದೇ ಕೂದಲನ್ನು ಫ್ಯಾನು ಜಾಲರಿಯ ಒಳಕ್ಕೆ ಸೆಳೆದುಕೊಂಡಿತು. ಮತ್ತೆ ಹೊರಕ್ಕೆ.

ಇಂಥ ಫ್ಯಾನು ಗಾಳಿಯನ್ನು ಒಂದೇ ದಿಕ್ಕಿಗೆ ತಳ್ಳುತ್ತದೆ.