ಹೆಣ ಕಣ್ಣೀರಿಟ್ಟ ಟೇಕು

ಧಾರಾವಾಹಿಯ ಮೊದಲ ದಿನವೇ ನಟ ಫೆರ್ಮಿನ್ ಎಡವಟ್ಟು ಮಾಡಿಕೊಂಡ. ಮೇಕಪ್ ಕೋಣೆಯಲ್ಲಿ ಎಲ್ವೀರಾಳನ್ನು ಕಂಡವನೇ ಎದ್ದು ನಿಂತು, "ಚಿಕ್ಕ ಹುಡುಗನಾಗಿದ್ದಾಗಿಂದ ನಿಮ್ಮನ್ನ ಟೀವೀಲಿ ನೋಡ್ತಾ ಬಂದಿದ್ದೀನಿ, ದೋನ್ಯಾ ಎಲ್ವೀರಾ" ಎಂದುಬಿಟ್ಟ.

ಅವನು ಅವಳಿಗಿಂತ ಮೂರೇ ವರ್ಷ ಚಿಕ್ಕವನು.

ಮ್ಯಾಡ್ರಿಡ್‌ನ ಸ್ಟುಡಿಯೋಗಳಲ್ಲಿ ಕಸ ಗುಡಿಸುವವರಿಂದ ಚಾನೆಲ್ಲಿನ ಯಜಮಾನರವರೆಗೆ ಎಲ್ಲರೂ ಎಲ್ಲರಿಗೂ 'ನೀನು'. ಅಲ್ಲಿ ಹೆಂಗಸಿನ ಹೆಸರಿಗೆ ಗೌರವದ 'ದೋನ್ಯಾ' ಹಚ್ಚಿ 'ನೀವು' ಎನ್ನುವುದೆಂದರೆ ಕುರ್ಚಿ ಎಳೆದುಕೊಟ್ಟು, ಮಂಡಿನೋವು ಹೇಗಿದೆ ಎಂದು ವಿಚಾರಿಸಿದಂತೆ.

ಎಲ್ವೀರಾ ಕನ್ನಡಿಯಲ್ಲೇ ಅವನನ್ನು ಅಳೆದಳು. ಒಂದು ಹುಬ್ಬು ನಿಧಾನವಾಗಿ ಮೇಲೇರಿತು. ಆ ಹುಬ್ಬಿಗಾಗಿ ಒಂದು ಕಾಲಕ್ಕೆ ದೇಶದ ಅರ್ಧ ಗಂಡಸರು ತಟ್ಟೆಯಲ್ಲಿದ್ದ ಊಟ ಮರೆತಿದ್ದರು.

"ಹೌದಾ? ಸಂತೋಷ. ಇನ್ಮೇಲೆ ನಾನೂ ನಿಮ್ಮನ್ನ ನೀವು ಅಂತಲೇ ಕರೀತೀನಿ, ದೋನ್ ಫೆರ್ಮಿನ್."

ಒಂದು ವಾರದ ಶಿಕ್ಷೆ ಎಂದುಕೊಂಡಿದ್ದಳು. ಅದು ಧಾರಾವಾಹಿಯಷ್ಟೇ ಉದ್ದವಾಯಿತು.

ಕಪ್ಪು ಬಿಳುಪಿನ ಕಾಲದಲ್ಲಿ ಎಲ್ವೀರಾ ಟ್ರೇ ಹಿಡಿದು ಬರುವ ಕೆಲಸದ ಹುಡುಗಿ. ಬಣ್ಣ ಬಂದಾಗ ಪ್ರೇಯಸಿ. ಆಮೇಲೆ ಹೆಂಡತಿ, ಮೋಸಹೋದ ಹೆಂಡತಿ, ತಾಯಿ, ಒಂದೆರಡು ಸಲ ಸನ್ಯಾಸಿನಿ. ನಿಜವಾದ ಮದುವೆ ಒಂದು ಶೂಟಿಂಗಿಗೂ ಇನ್ನೊಂದಕ್ಕೂ ನಡುವೆ ಎಲ್ಲೋ ಮುಗಿದುಹೋಗಿತ್ತು. ಈಗ ಊಟದ ನಂತರದ ಧಾರಾವಾಹಿಯಲ್ಲಿ ಫೆರ್ಮಿನ್ ಹಳೆಯ ಕಾಲದ ಔಷಧದಂಗಡಿಯವನು, ಅವಳು ಅವನ ಹೆಂಡತಿ. ದೇಶಕ್ಕೆ ದೇಶವೇ ಅವರನ್ನು ನೋಡುತ್ತ ತೂಕಡಿಸುತ್ತಿತ್ತು.

ಎಲ್ವೀರಾ ಮೀನು ಕೊಳ್ಳುವ ಅಂಗಡಿಯವಳು ಮಾತ್ರ ಎಚ್ಚರವಾಗಿದ್ದಳು, ಕಥೆಯನ್ನೇ ನಿಜವೆಂದು ನಂಬಿದ್ದಳು. "ಆ ಸೊಸೇನ ಯಾಕೆ ಹಂಗೆ ಗೋಳು ಹುಯ್ಕೋತೀಯೇ? ಗಂಡ ನೋಡು, ಬಂಗಾರ!"

"ಬಂಗಾರವೇ," ಎನ್ನುತ್ತಿದ್ದಳು ಎಲ್ವೀರಾ, "ಆದ್ರೆ ನಂದಲ್ಲ ತಾಯಿ, ಚಾನೆಲ್‌ದು."

ಈ ಚಳಿಗಾಲ ಚಾನೆಲ್ಲಿನವರು ಔಷಧದಂಗಡಿಯವನನ್ನು ಸಾಯಿಸಲು ತೀರ್ಮಾನಿಸಿದರು. ಫೆರ್ಮಿನ್ ದೂರದ ಕಾದಿಸ್‌ನಲ್ಲಿ, ತಂಗಿಯ ಮನೆಯಲ್ಲಿ ನೆಲೆಸಲು ಹೊರಟಿದ್ದ. ಇವತ್ತು ಅವನ ಕೊನೆಯ ಶೂಟಿಂಗ್. ಎಲ್ವೀರಾ ಮನಸ್ಸಿನಲ್ಲಿದ್ದದ್ದನ್ನು ಹೇಳುವುದಿದ್ದರೆ ಇವತ್ತೇ ಹೇಳಬೇಕು. ಆದರೆ 'ನೀವು' ಎನ್ನುತ್ತ ಅಂಥ ಮಾತನ್ನು ಹೇಳುವುದಾದರೂ ಹೇಗೆ?

"ಪೆಟ್ಟಿಗೆ ಬಿಗಿಯಾಯ್ತಾ?" ಎಂದು ಕೇಳಿದಳು, ಶವವಾಗಿ ಮಲಗಿದವನ ಟೈ ಸರಿಮಾಡುತ್ತ.

"ಭುಜದ ಹತ್ರ ಸ್ವಲ್ಪ. ನಿಮ್ಮ ಪಕ್ಕ ಸೋಫಾದಲ್ಲಿ ಕೂತಾಗ್ಲೂ ಹಿಂಗೇ ಇರ್ತಿತ್ತು. ನಾನು ಯಾವತ್ತಾದ್ರೂ ದೂರು ಹೇಳಿದ್ನಾ?"

"ಸುಮ್ನಿರಿ. ಸತ್ತಿದ್ದೀರಿ."

ಅವನು ನಗುತ್ತಲೇ ಕಣ್ಣು ಮುಚ್ಚಿದ. ನಿರ್ದೇಶಕಿ ನೂರಿಯಾ ಆ್ಯಕ್ಷನ್ ಎಂದಳು.

'ನನ್ನನ್ನು ಒಂಟಿ ಮಾಡಿ ಹೊರಟುಬಿಟ್ಟಿರಲ್ಲಾ' ಎಂಬುದು ಬರೆದುಕೊಟ್ಟ ಮಾತು. ಎಲ್ವೀರಾ ಬಾಗಿದಳು. ಅವನ ರೆಪ್ಪೆಗಳನ್ನು ನೋಡಿದಳು. ಇಷ್ಟು ಹತ್ತಿರದಿಂದ, ಅವನು ತಿರುಗಿ ನೋಡದ ಹಾಗೆ, ಎಂದೂ ನೋಡಿರಲಿಲ್ಲ.

"ಹೋಗ್ಬೇಡ ಕಣೋ," ಎಂದಳು. "ನೀನಿಲ್ದೆ ನಂಗೆ ಆಗಲ್ಲ."

ಹೆಣದ ಕಣ್ಣಂಚಿನಿಂದ ಒಂದು ಹನಿ ಇಳಿದು ಕಿವಿಯ ಕಡೆಗೆ ಹೊರಟಿತು.

"ಕಟ್! ಹೆಣ ಅಳ್ತಿದೆ!" ನೂರಿಯಾ ಕಿರುಚಿದಳು. "ಎಲ್ವೀರಾ, ಏನಾಯ್ತು ನಿಂಗೆ? ಆ ಕಾಲದ ಹೆಂಡ್ತೀರು ಗಂಡನ್ನ ನೀವು ಅಂತಿದ್ರು!"

"ನಾಲಿಗೆ ಜಾರ್ತು."

"ಇಷ್ಟು ವರ್ಷ ಹಿಡಿದುಕೊಂಡಿದ್ದು ಇವತ್ತು ಜಾರ್ತಾ?" ಫೆರ್ಮಿನ್ ಕಣ್ಣು ತೆರೆಯದೆಯೇ, ಅವಳೊಬ್ಬಳಿಗೇ ಕೇಳುವಂತೆ ಅಂದ. "ಕಾದಿಸ್‌ಗೆ ಹೋಗಲ್ಲ. ಸತ್ತವನಿಗೆ ಯಾವ ಊರಾದ್ರೇನು? ಕೆಲಸ ಮುಗಿಸ್ಕೊಂಡು ಬಾ, ಎಲ್ವೀರಾ. ಗೇಟ್ ಹತ್ರ ಕಾಯ್ತಿರ್ತೀನಿ."

ಬಾ. ಎಷ್ಟೋ ನಾಯಕರು ಅವಳನ್ನು ಹಾಗೆ ಕರೆದಿದ್ದರು, ಯಾರೋ ಬರೆದುಕೊಟ್ಟದ್ದನ್ನು ಬಾಯಿಪಾಠ ಮಾಡಿ. ಇದನ್ನು ಯಾರೂ ಬರೆದುಕೊಟ್ಟಿರಲಿಲ್ಲ. ಅವಳು ಶವಪೆಟ್ಟಿಗೆಯ ಅಂಚನ್ನು ಗಟ್ಟಿಯಾಗಿ ಹಿಡಿದುಕೊಂಡಳು.

"ಇನ್ನೊಂದು ಟೇಕ್," ಎಂದಳು ನೂರಿಯಾ. "ಹೆಣ ಒರೆಸ್ರಪ್ಪ. ಎಲ್ವೀರಾ, ನೀನು ಅಳು."

ಅಳು ಎಂದರೆ ಅತ್ತ ಹೆಂಗಸು ಅವಳು. ಕಣ್ಣೀರು ಸಾಕಿದ ನಾಯಿಯಂತೆ ಕರೆದಾಗ ಬರುತ್ತಿತ್ತು. ಈಗ ಕರೆದಳು. ಬರಲಿಲ್ಲ. ಮತ್ತೆ ಕರೆದಳು. ತುಟಿಯಂಚು ಬೇರೆಲ್ಲಿಗೋ ಎಳೆಯುತ್ತಿತ್ತು.

ಕಪ್ಪು ಮುಸುಕನ್ನು ಮುಖದ ಮೇಲೆ ಎಳೆದುಕೊಂಡು, ಮೇಕಪ್ಪಿನ ಹುಡುಗಿಯನ್ನು ಹತ್ತಿರ ಕರೆದಳು.

"ಗ್ಲಿಸರಿನ್ ಇದೆಯಾ, ಮಗಳೇ?"